ಟೈಮ್ ಲೂಪ್ ಸಿನಿಮಾಗಳು: ಪದೇ ಪದೇ ಕೇಳುವ ಪ್ರಶ್ನೆಗಳು

ಟೈಮ್ ಲೂಪ್ ಸಿನಿಮಾ ನೋಡಿ ಎದ್ದವರ ಮಾತು ಸಾಮಾನ್ಯವಾಗಿ "ಚೆನ್ನಾಗಿತ್ತು, ಆದ್ರೆ..." ಅಂತ ಶುರುವಾಗುತ್ತದೆ. ಆ 'ಆದ್ರೆ' ಆದಮೇಲೆ ಬರುವ ಪ್ರಶ್ನೆಗಳನ್ನು ಇಲ್ಲಿ ಒಂದುಗೂಡಿಸಿದ್ದೇನೆ. ಒಂದು ಎಚ್ಚರಿಕೆ. ಉತ್ತರ ಹೇಳಬೇಕಾದರೆ ಕಥೆ ಬಿಟ್ಟುಕೊಡಲೇಬೇಕು. ಅಲ್ಲಲ್ಲಿ ಕ್ಲೈಮ್ಯಾಕ್ಸೂ ಬರುತ್ತದೆ. ನೀವು ನೋಡದೇ ಇರುವ ಸಿನಿಮಾದ ಹೆಸರು ಕಂಡರೆ ಆ ಪ್ಯಾರಾ ಹಾರಿಸಿಬಿಡಿ.

ಟೈಮ್ ಲೂಪ್ ಅಂದ್ರೆ ಸರಳವಾಗಿ ಏನು?

ಒಂದಿಷ್ಟು ಸಮಯ. ಒಂದು ದಿನ ಇರಬಹುದು, ಒಂದು ಗಂಟೆ ಇರಬಹುದು, ಎಂಟು ನಿಮಿಷ ಇರಬಹುದು. ಅದು ಮುಗಿದ ಕೂಡಲೇ ಮತ್ತೆ ಮೊದಲಿಂದ ಶುರು. ಅದೇ ಅಲಾರಾಂ, ಅದೇ ಜನ, ಅದೇ ಮಾತು. ಇಡೀ ಜಗತ್ತು ಹಾಡಿದ್ದೇ ಹಾಡೋ ಕಿಸಬಾಯಿ ದಾಸ ಆಗಿಬಿಡುತ್ತದೆ. ಒಬ್ಬರಿಗೆ ಮಾತ್ರ ಅದು ಗೊತ್ತಾಗುತ್ತಿರುತ್ತದೆ.

ಟೈಮ್ ಟ್ರಾವೆಲ್‌ಗೂ ಇದಕ್ಕೂ ಏನು ವ್ಯತ್ಯಾಸ?

ಟೈಮ್ ಟ್ರಾವೆಲ್‌ನಲ್ಲಿ ನೀವು ಹೋಗುತ್ತೀರಿ. ಲೂಪ್‌ನಲ್ಲಿ ನಿಮ್ಮನ್ನು ಎಳೆದು ತಂದು ಹಾಕುತ್ತಾರೆ. ಇನ್ನೊಂದು ಮುಖ್ಯ ವ್ಯತ್ಯಾಸ ಇದೆ. ಹಿಂದಿನ ಕಾಲಕ್ಕೆ ಪ್ರಯಾಣ ಮಾಡಿದವನಿಗೆ ಅಲ್ಲಿ ಇನ್ನೊಬ್ಬ 'ತಾನು' ಸಿಗಬಹುದು. ಲೂಪ್‌ನಲ್ಲಿ ಸಿಕ್ಕಿಕೊಂಡವನಿಗೆ ಸಾಮಾನ್ಯವಾಗಿ ಹಾಗಾಗುವುದಿಲ್ಲ. ಅವನು ಅದೇ ಹಾಸಿಗೆಯಲ್ಲಿ, ಅದೇ ಮೈಯಲ್ಲಿ ಎದ್ದು ಕೂರುತ್ತಾನೆ. 2007ರ ಸ್ಪ್ಯಾನಿಷ್ ಸಿನಿಮಾ 'ಟೈಮ್‌ಕ್ರೈಮ್ಸ್' ಅನ್ನು ಎಷ್ಟೋ ಜನ ಲೂಪ್ ಪಟ್ಟಿಗೆ ಸೇರಿಸುತ್ತಾರೆ. ಆದರೆ ಅದರಲ್ಲಿ ಒಬ್ಬನೇ ಮನುಷ್ಯ ಒಂದೇ ಮಧ್ಯಾಹ್ನ ಹಲವು ಪ್ರತಿಗಳಾಗಿ ಓಡಾಡುತ್ತಿರುತ್ತಾನೆ. ನನ್ನ ಲೆಕ್ಕದಲ್ಲಿ ಅದು ಟೈಮ್ ಟ್ರಾವೆಲ್. ವಾದ ಮಾಡುವವರು ಮಾಡಲಿ.

ಕನ್ನಡದಲ್ಲಿ 'ಕಾಲಚಕ್ರ' ಅಂದ್ರೆ ಆಗಲ್ವಾ?

ಕೇಳೋಕೆ ಚೆಂದ, ಅರ್ಥ ಕೂಡಲ್ಲ. ಬಂಡಿಯ ಚಕ್ರ ಸುತ್ತಿದರೆ ಬಂಡಿ ಮುಂದೆ ಹೋಗುತ್ತದೆ. ಇಲ್ಲಿ ಮುಂದೆ ಹೋಗುವುದೇ ಇಲ್ಲ. ಹೋಲಿಕೆ ಬೇಕೇ ಬೇಕು ಅಂದರೆ ಗಾಣದೆತ್ತು ವಾಸಿ. ದಿನವಿಡೀ ನಡೆಯುತ್ತದೆ, ಸಂಜೆಗೆ ಹೊರಟಲ್ಲೇ ಇರುತ್ತದೆ. ಈ ಪುಟದಲ್ಲಿ ಸುಮ್ನೆ 'ಲೂಪ್' ಅಂತಲೇ ಬರೆಯುತ್ತೇನೆ.

ಈ ಐಡಿಯಾ ಮೊದಲು ಬಂದಿದ್ದು 'ಗ್ರೌಂಡ್‌ಹಾಗ್ ಡೇ'ನಲ್ಲಾ?

ಅಲ್ಲ. ಹೆಸರು ಮಾಡಿದ್ದು ಅದು. ಒಂದೇ ದಿನದಲ್ಲಿ ಸಿಕ್ಕಿಕೊಂಡ ಫಿಲ್ ಅನ್ನುವವನ ಕಥೆ ಅದು. ಹೆರಾಲ್ಡ್ ರೇಮಿಸ್ ನಿರ್ದೇಶನದ ಆ ಸಿನಿಮಾ ಬಂದಿದ್ದು 1993ರಲ್ಲಿ. ಅದಕ್ಕೂ 20 ವರ್ಷ ಮೊದಲು, 1973ರಲ್ಲೇ, ರಿಚರ್ಡ್ ಲೂಪಾಫ್ ಅನ್ನುವ ಅಮೆರಿಕನ್ ಲೇಖಕ '12:01 ಪಿಎಂ' ಅನ್ನುವ ಸಣ್ಣಕಥೆ ಬರೆದಿದ್ದರು. ಅದರಲ್ಲಿ ಮತ್ತೆ ಮತ್ತೆ ಬರುವುದು ಒಂದು ಗಂಟೆ ಮಾತ್ರ. ಮಧ್ಯಾಹ್ನ 12:01ಕ್ಕೆ ಶುರು, ಒಂದು ಗಂಟೆಗೆ ಮುಗಿತು, ಮತ್ತೆ 12:01. 1990ರಲ್ಲಿ ಅದು ಕಿರುಚಿತ್ರವಾಗಿ ಆಸ್ಕರ್ ನಾಮನಿರ್ದೇಶನವನ್ನೂ ಪಡೆಯಿತು.

ಒಂದು ಗಂಟೆ ಅನ್ನುವುದು ಎಷ್ಟು ಕ್ರೂರ ಅಂತ ಯೋಚಿಸಿ. ಒಂದು ದಿನ ಸಿಕ್ಕರೆ ಪಿಯಾನೋ ಕಲಿಯಬಹುದು, ಬೇರೆ ಊರಿಗೆ ಹೋಗಿ ನೋಡಬಹುದು. ಒಂದು ಗಂಟೆಯಲ್ಲಿ ಯಾರನ್ನಾದರೂ ಹುಡುಕಿ, ನಡೆದಿದ್ದನ್ನು ವಿವರಿಸಿ, ನಂಬಿಸುವಷ್ಟರಲ್ಲಿ ಗಂಟೆ ಮುಗಿದಿರುತ್ತದೆ.

'ಗ್ರೌಂಡ್‌ಹಾಗ್ ಡೇ'ನಲ್ಲಿ ಫಿಲ್ ಎಷ್ಟು ವರ್ಷ ಸಿಕ್ಕಿಹಾಕಿಕೊಂಡಿದ್ದ?

ಅತಿ ಜಾಸ್ತಿ ಕೇಳುವ ಪ್ರಶ್ನೆ ಇದೇ. ತೆರೆಯ ಮೇಲೆ ಪೂರ್ತಿಯಾಗೋ ಅರೆಬರೆಯಾಗೋ ಕಾಣುವುದು ಸುಮಾರು 40 ದಿನ. ಆದರೆ ಆ ಮನುಷ್ಯ ಪಿಯಾನೋ ಕಲಿಯುತ್ತಾನೆ. ಮಂಜುಗಡ್ಡೆಯಲ್ಲಿ ಶಿಲ್ಪ ಕೆತ್ತುತ್ತಾನೆ. ಊರಿನ ಪ್ರತಿಯೊಬ್ಬರ ಹೆಸರು, ಕಷ್ಟ ಸುಖ ಎಲ್ಲ ಬಾಯಿಪಾಠ ಮಾಡಿಕೊಂಡಿರುತ್ತಾನೆ. 40 ದಿನಕ್ಕೆ ಪಿಯಾನೋ ಬಂದಿದ್ದರೆ ನಾವೆಲ್ಲ ಪಿಯಾನೋ ನುಡಿಸುತ್ತಿದ್ದೆವು.

ರೇಮಿಸ್ ಒಮ್ಮೆ ಸುಮಾರು 10 ವರ್ಷ ಅಂದಿದ್ದರು. ಆಮೇಲೆ 10 ವರ್ಷ ಸಾಲದು, 30ರಿಂದ 40 ವರ್ಷ ಇರಬೇಕು ಅಂತ ಮಾತು ಬದಲಿಸಿದರು. ಕಥೆ ಬರೆದ ಡ್ಯಾನಿ ರೂಬಿನ್ ಅವರ ಮೊದಲ ಸ್ಕ್ರಿಪ್ಟ್‌ನಲ್ಲಿ ಇದಕ್ಕೊಂದು ಸೊಗಸಾದ ಲೆಕ್ಕ ಇತ್ತು. ಫಿಲ್ ತಂಗಿದ್ದ ಮನೆಯ ಶೆಲ್ಫಿನ ಪುಸ್ತಕಗಳಲ್ಲಿ ದಿನಕ್ಕೆ ಒಂದೇ ಪುಟ ಓದುತ್ತಾನೆ. ಗೋಡೆಯ ಮೇಲೆ ಗೀಟು ಹಾಕಿದರೆ ಬೆಳಗ್ಗೆ ಅಳಿಸಿಹೋಗಿರುತ್ತದೆ, ಪುಟದ ಲೆಕ್ಕ ಮಾತ್ರ ತಲೆಯಲ್ಲಿ ಉಳಿಯುತ್ತದೆ. ಸಿನಿಮಾದಲ್ಲಿ ಅದನ್ನು ಬಿಟ್ಟಿದ್ದಾರೆ. ನನಗೆ ಇವತ್ತಿಗೂ ಬೇಜಾರು.

ಲೂಪ್ ಯಾಕೆ ಶುರುವಾಯ್ತು ಅಂತ ಆ ಸಿನಿಮಾ ಹೇಳುವುದೇ ಇಲ್ಲ. ಅದು ಮೋಸ ಅಲ್ವಾ?

ಒಂದು ಹಂತದ ಸ್ಕ್ರಿಪ್ಟ್‌ನಲ್ಲಿ ಕಾರಣ ಇತ್ತು. ಫಿಲ್ ಬಿಟ್ಟುಬಂದ ಗೆಳತಿಯೊಬ್ಬಳು ಶಾಪ ಹಾಕುತ್ತಾಳೆ, ಅದರಿಂದ ಹೀಗಾಯಿತು ಅಂತ. ಅದನ್ನು ಕೈಬಿಟ್ಟಿದ್ದು ಪುಣ್ಯ. ಶಾಪ ಅಂತ ಗೊತ್ತಾದ ಕೂಡಲೇ ನಾವು ಶಾಪ ಬಿಡಿಸುವ ದಾರಿ ಹುಡುಕುತ್ತಾ ಕೂರುತ್ತಿದ್ದೆವು. ಈಗ ಅವನನ್ನೇ ನೋಡುತ್ತೇವೆ.

ವೈಜ್ಞಾನಿಕ ಕಥೆ ಅಂದಮೇಲೆ ಕಾರಣ ಬೇಕೇ ಬೇಕು ಅನ್ನುವವರಿಗೆ 'ಎಡ್ಜ್ ಆಫ್ ಟುಮಾರೋ' (2014) ಇದೆ. ಅಲ್ಲಿ ಅನ್ಯಗ್ರಹ ಜೀವಿಯ ರಕ್ತ ಮೈಗೆ ಸೇರಿದ್ದರಿಂದ ಲೂಪ್ ಶುರುವಾಗುತ್ತದೆ, ನಾಯಕ ಸತ್ತಾಗೆಲ್ಲ ದಿನ ಮತ್ತೆ ಮೊದಲಿಂದ. ಬೇರೆಯವರ ರಕ್ತ ಕೊಟ್ಟರೆ ಆ ಶಕ್ತಿ ಹೋಗಿಬಿಡುತ್ತದೆ. ವಿಜ್ಞಾನವಾಗಿ ಅದು ಗಟ್ಟಿ ಏನಲ್ಲ. ಆದರೆ ಒಂದು ನಿಯಮ ಸಿಗುತ್ತದೆ, ನಿಯಮ ಇದ್ದರೆ ಭಯ ಹುಟ್ಟುತ್ತದೆ. ಗಾಯವಾಗಿ ಆಸ್ಪತ್ರೆ ಸೇರುವುದು ಸಾಯುವುದಕ್ಕಿಂತ ಅಪಾಯ ಆಗಿಬಿಡುತ್ತದೆ. ಕಾರಣ ಕೊಡುವುದಾದರೆ ಹೀಗೆ ಕೊಡಬೇಕು.

ಎಲ್ಲರೂ ಮರೆಯುತ್ತಾರೆ, ಒಬ್ಬರಿಗೆ ಮಾತ್ರ ಹೇಗೆ ನೆನಪಿರುತ್ತೆ?

ಇಡೀ ಪುಟದಲ್ಲಿ ನನಗೆ ಇಷ್ಟದ ಪ್ರಶ್ನೆ ಇದು. ಯಾಕೆಂದರೆ ಲೂಪ್ ಸಿನಿಮಾದ ಗುಟ್ಟೆಲ್ಲ ಇಲ್ಲೇ ಇದೆ.

ನೆನಪು ಅನ್ನುವುದು ಗಾಳಿಯಲ್ಲಿ ತೇಲುವ ವಸ್ತು ಅಲ್ಲ. ಮಿದುಳಿನ ನರಕೋಶಗಳ ನಡುವಿನ ಸಂಪರ್ಕ ಬದಲಾಗುವುದರಿಂದ ನೆನಪು ಉಳಿಯುತ್ತದೆ. ಅಂದರೆ ನೆನಪೂ ಮೈಯ ಒಂದು ಭಾಗ. ಜಗತ್ತು ಪೂರ್ತಿ ಹಿಂದಕ್ಕೆ ಹೋಗಿ ನಿಂತಿದ್ದರೆ ಆ ಮಿದುಳೂ ಹಿಂದಕ್ಕೆ ಹೋಗಬೇಕಿತ್ತು. ಗಡ್ಡ ಬೆಳೆದಿಲ್ಲ, ಗಾಯ ಮಾಯವಾಗಿದೆ, ಉಂಡಿದ್ದು ಹೊಟ್ಟೆಯಲ್ಲಿ ಇಲ್ಲ. ತಲೆಯೊಳಗಿನ ಕೆಲವು ಸಂಪರ್ಕಗಳು ಮಾತ್ರ ಹೇಗೆ ಉಳಿದವು? ಉತ್ತರ ಇಲ್ಲ. ಪ್ರತಿಯೊಂದು ಲೂಪ್ ಸಿನಿಮಾವೂ ಇಲ್ಲೊಂದು ಸುಳ್ಳು ಹೇಳುತ್ತದೆ, ನಾವು ಒಪ್ಪಿಕೊಳ್ಳುತ್ತೇವೆ.

ಒಪ್ಪದಿದ್ದರೆ ಕಥೆಯೇ ಇಲ್ಲ. ಒಂದು ದಿನ ಮತ್ತೆ ಮತ್ತೆ ಬರುತ್ತಿದೆ, ಯಾರಿಗೂ ನೆನಪಿಲ್ಲ ಅಂದರೆ ಅದು ಬರೀ ಒಂದು ದಿನ ಅಷ್ಟೆ. ಹಾಗಾಗಿ ನಾನು ಯಾವ ಲೂಪ್ ಸಿನಿಮಾ ನೋಡಿದರೂ ಮೊದಲು ಹುಡುಕುವುದು ಒಂದೇ: ಇಲ್ಲಿ ಯಾರಿಗೆ ನೆನಪಿದೆ? ಅವನೊಬ್ಬನಿಗಾ, ಇಬ್ಬರಿಗಾ, ಶತ್ರುವಿಗೂ ಇದೆಯಾ? ಅದನ್ನು ಹಿಡಿದುಕೊಂಡರೆ ಉಳಿದ ಗೊಂದಲ ತಾನಾಗಿ ಬಿಚ್ಚಿಕೊಳ್ಳುತ್ತದೆ.

2009ರ 'ಟ್ರಯಾಂಗಲ್' ಈ ನಿಯಮವನ್ನೇ ಉಲ್ಟಾ ಮಾಡುತ್ತದೆ. ಹಡಗಿನಲ್ಲಿ ಸಿಕ್ಕಿಕೊಂಡ ನಾಯಕಿಯ ಕೊರಳಿನ ಲಾಕೆಟ್ ಜಾರಿ ನೆಲದ ಜಾಲರಿಯ ಕೆಳಗೆ ಬೀಳುತ್ತದೆ. ಅವಳು ಬಗ್ಗಿ ನೋಡುತ್ತಾಳೆ. ಅಲ್ಲಿ ಅದೇ ಲಾಕೆಟ್‌ಗಳ ಒಂದು ರಾಶಿ. ಅಂದರೆ ಇಲ್ಲಿ ಲೂಪ್ ಅಳಿಸುವುದಿಲ್ಲ, ಕೂಡಿಡುತ್ತದೆ. ಅವಳು ಮರೆತಿದ್ದನ್ನು ಹಡಗು ನೆನಪಿಟ್ಟುಕೊಂಡಿದೆ. ಭೂತ ಪಿಶಾಚಿ ಏನೂ ಇಲ್ಲದೆ ಮೈ ಜುಮ್ ಅನ್ನಿಸುವ ಶಾಟ್ ಅದು.

ಯಾರಿಗೂ ನೆನಪಿಲ್ಲದ ಲೂಪ್ ಕಥೆ ಇದೆಯಾ?

ಇದೆ. ಸಿನಿಮಾ ಅಲ್ಲ, ಟಿವಿ. 'ಸ್ಟಾರ್ ಟ್ರೆಕ್: ದಿ ನೆಕ್ಸ್ಟ್ ಜನರೇಷನ್' ಸರಣಿಯ 'ಕಾಸ್ ಅಂಡ್ ಎಫೆಕ್ಟ್' ಅನ್ನುವ ಕಂತು, 1992ರದ್ದು. ಟೈಟಲ್ ಕಾರ್ಡ್ ಬರುವ ಮೊದಲೇ ಇಡೀ ಅಂತರಿಕ್ಷ ಹಡಗು ಸಿಡಿದು ಚೂರಾಗುತ್ತದೆ. ಟೈಟಲ್ ಮುಗಿದ ಮೇಲೆ ನೋಡಿದರೆ ಎಲ್ಲರೂ ಆರಾಮಾಗಿ ಇಸ್ಪೀಟು ಆಡುತ್ತಾ ಕೂತಿದ್ದಾರೆ. ಮೊದಲ ಸಲ ನೋಡಿದಾಗ ಫೈಲೇ ಕೆಟ್ಟಿದೆ ಅಂದುಕೊಂಡು ಹಿಂದಕ್ಕೆ ಹೋಗಿ ನೋಡಿದ್ದೆ.

ಅಲ್ಲಿ ಯಾರಿಗೂ ಏನೂ ನೆನಪಿಲ್ಲ. ಎಲ್ಲೋ ನೋಡಿದ ಹಾಗಿದೆಯಲ್ಲ ಅನ್ನುವ ಅನುಮಾನ ಮಾತ್ರ ಸುತ್ತಿನಿಂದ ಸುತ್ತಿಗೆ ಬಲಿಯುತ್ತಾ ಹೋಗುತ್ತದೆ. ಒಂದು ಸುತ್ತಿನಲ್ಲಿ ಮುಂದೆ ಯಾವ ಎಲೆ ಬೀಳುತ್ತದೆ ಅಂತ ಬಾಯಿಗೆ ಬರಲು ಶುರುವಾಗುತ್ತದೆ. ನೆನಪು ಇಲ್ಲದಿದ್ದರೂ ನೆನಪಿನ ಕಲೆ ಉಳಿದಿದೆ. ಕೊನೆಗೆ ಅವರು ತಪ್ಪಿಸಿಕೊಳ್ಳುವುದೂ ಮುಂದಿನ ಸುತ್ತಿಗೆ ಒಂದೇ ಒಂದು ಅಂಕಿಯನ್ನು ದಾಟಿಸಿ. ಗಡಿಯಾರ ನೋಡಿಕೊಂಡಾಗ ಹೊರಗಿನ ಲೋಕದಲ್ಲಿ 17.4 ದಿನ ಕಳೆದಿರುತ್ತದೆ.

ವಿಜ್ಞಾನದ ಪ್ರಕಾರ ಇದು ಸಾಧ್ಯವಾ?

ಸಿನಿಮಾದಲ್ಲಿ ತೋರಿಸುವ ಹಾಗೆ, ಇಲ್ಲ. ಆದರೆ ಹತ್ತಿರ ಬರುವ ಎರಡು ವಿಷಯಗಳಿವೆ.

ಒಂದು, ಐನ್‌ಸ್ಟೈನ್ ಸಮೀಕರಣಗಳು. 1949ರಲ್ಲಿ ಗಣಿತಜ್ಞ ಕುರ್ಟ್ ಗೋಡೆಲ್ ಆ ಸಮೀಕರಣಗಳಿಗೆ ಒಂದು ವಿಚಿತ್ರ ಉತ್ತರ ಕಂಡುಹಿಡಿದರು. ಇಡೀ ವಿಶ್ವವೇ ತಿರುಗುತ್ತಿದ್ದರೆ, ಮುಂದಕ್ಕೆ ಹೋಗುತ್ತಾ ಹೋಗುತ್ತಾ ನಿಮ್ಮ ಹಿಂದಿನ ಕಾಲಕ್ಕೇ ಬಂದು ಸೇರುವ ದಾರಿಗಳು ಇರುತ್ತವೆ. ನಮ್ಮ ವಿಶ್ವ ಹಾಗೆ ತಿರುಗುತ್ತಿರುವುದಕ್ಕೆ ಪುರಾವೆ ಇಲ್ಲ. ಇದ್ದರೂ ಅದು ಸಿನಿಮಾದ ಲೂಪ್ ಅಲ್ಲ. ಆ ದಾರಿಯಲ್ಲಿ ಹೋದವನು ಹಳೆಯ ಬೆಳಗ್ಗೆಗೆ ಹೊರಗಿನವನಾಗಿ ಬಂದು ತಲುಪುತ್ತಾನೆ, ಹಾಸಿಗೆಯಲ್ಲಿ ಮಲಗಿರುವ ತನ್ನನ್ನೇ ನೋಡಬಹುದು. ಜೊತೆಗೆ ರಷ್ಯಾದ ಭೌತವಿಜ್ಞಾನಿ ಇಗೊರ್ ನೋವಿಕೋವ್ ಹೇಳಿದ ಹಾಗೆ, ಅಂಥ ದಾರಿಯಲ್ಲಿ ನಡೆಯುವುದೆಲ್ಲ ಒಂದಕ್ಕೊಂದು ಹೊಂದಿಕೊಂಡೇ ಇರಬೇಕು. 'ಹೋದ ಸಲ ಹೀಗಾಯ್ತು, ಈ ಸಲ ಬೇರೆ ಮಾಡೋಣ' ಅನ್ನುವುದಕ್ಕೆ ಅಲ್ಲಿ ಜಾಗವೇ ಇಲ್ಲ. ಸ್ಟೀಫನ್ ಹಾಕಿಂಗ್ ಅಂತೂ 1992ರಲ್ಲಿ ಇಂಥ ದಾರಿಗಳು ಹುಟ್ಟದಂತೆ ಪ್ರಕೃತಿಯೇ ತಡೆಯುತ್ತದೆ ಅಂತ ಊಹಿಸಿದರು. 2009ರ ಜೂನ್ 28ರಂದು ಕಾಲಪಯಣಿಗರಿಗೆ ಅಂತಲೇ ಒಂದು ಪಾರ್ಟಿ ಇಟ್ಟು, ಆಹ್ವಾನವನ್ನು ಪಾರ್ಟಿ ಮುಗಿದ ಮೇಲೆ ಪ್ರಕಟಿಸಿದರು. ಯಾರೂ ಬಂದಿರಲಿಲ್ಲ.

ಎರಡನೆಯದು 1890ರ ಮಾತು. ಫ್ರೆಂಚ್ ಗಣಿತಜ್ಞ ಆನ್ರಿ ಪ್ವಾಂಕರೆ ಒಂದು ಪ್ರಮೇಯ ಕೊಟ್ಟರು. ಮುಚ್ಚಿದ ಡಬ್ಬಿಯೊಳಗಿನ ಕಣಗಳನ್ನು ಅವುಗಳ ಪಾಡಿಗೆ ಬಿಟ್ಟರೆ, ಸಾಕಷ್ಟು ಕಾಲ ಕಾದರೆ, ಅವು ಶುರುವಿನಲ್ಲಿ ಇದ್ದ ಜೋಡಣೆಗೆ ತೀರಾ ಹತ್ತಿರ ಮತ್ತೆ ಬರುತ್ತವೆ. 'ಸಾಕಷ್ಟು ಕಾಲ' ಅಂದರೆ ವಿಶ್ವದ ವಯಸ್ಸು ಅದರ ಮುಂದೆ ಚಿಟಿಕೆ ಹೊಡೆದಷ್ಟೂ ಆಗಲ್ಲ. ಮತ್ತೆ ನೆನಪಿನ ಪ್ರಶ್ನೆಗೇ ಬಂದೆವು ನೋಡಿ. ಆ ಡಬ್ಬಿಯೊಳಗೆ ನೀವು ಇದ್ದರೆ ನಿಮ್ಮ ಮಿದುಳೂ ಹಳೆಯ ಜೋಡಣೆಗೇ ಬಂದಿರುತ್ತದೆ. ಎಷ್ಟನೇ ಸುತ್ತು ಅಂತ ಕೇಳಲು ಯಾರೂ ಇರುವುದಿಲ್ಲ.

ದಿನಾ ವ್ಯಾಯಾಮ ಮಾಡಿದ್ರೆ ಲೂಪ್‌ನಲ್ಲಿ ಮೈ ಗಟ್ಟಿಯಾಗುತ್ತಾ?

ಆಗಬಾರದು. ಮೈ ಪ್ರತಿ ಸಲ ಹಳೇ ಮೈಯೇ. ಆದರೆ ಯಾವಾಗ ಬಗ್ಗಬೇಕು, ಎಷ್ಟು ಹೆಜ್ಜೆಗೆ ತಿರುಗಬೇಕು ಅನ್ನುವುದು ತಲೆಯಲ್ಲಿ ಉಳಿಯುತ್ತದೆ. 'ಎಡ್ಜ್ ಆಫ್ ಟುಮಾರೋ' ನಾಯಕ ಯುದ್ಧವನ್ನೇ ನೋಡದ ಪ್ರಚಾರ ಅಧಿಕಾರಿ. ಅವನು ಬಲಶಾಲಿಯಾಗುವುದಿಲ್ಲ, ಬಾಯಿಪಾಠ ಮಾಡುತ್ತಾನೆ. 'ಹ್ಯಾಪಿ ಡೆತ್ ಡೇ' (2017) ಇನ್ನೊಂದು ಕಿಲಾಡಿತನ ಮಾಡುತ್ತದೆ. ನಾಯಕಿ ಪ್ರತಿ ಸಲ ಸತ್ತಿದ್ದರ ಪೆಟ್ಟು ಮೈಯೊಳಗೆ ಉಳಿದುಕೊಳ್ಳುತ್ತಾ ಹೋಗುತ್ತದೆ. ಹಾಗಾಗಿ ಎಷ್ಟು ಸಲ ಬೇಕಾದರೂ ಸಾಯಬಹುದು ಅನ್ನುವ ಧೈರ್ಯ ನಮಗೂ ಹೋಗುತ್ತದೆ, ಅವಳಿಗೂ ಹೋಗುತ್ತದೆ.

ಇದು ವಿಡಿಯೋ ಗೇಮ್ ಥರಾನೇ ಇದೆ ಅನ್ನಿಸುತ್ತೆ. ನಿಜಾನಾ?

ನಿಜ. 'ಎಡ್ಜ್ ಆಫ್ ಟುಮಾರೋ' ಮೂಲ 2004ರ ಜಪಾನಿ ಕಾದಂಬರಿ. ಬರೆದವರು ಹಿರೋಶಿ ಸಕುರಜಾಕ. ಗೇಮ್ ಆಡುವವರು ಸತ್ತು, ಮತ್ತೆ ಶುರು ಮಾಡಿ, ಸತ್ತು ಸತ್ತು ಕಲಿಯುವುದರಿಂದಲೇ ಈ ಕಥೆ ಹುಟ್ಟಿತು ಅಂತ ಅವರೇ ಹೇಳಿದ್ದಾರೆ. ಗೇಮ್ ಆಡಿದವರಿಗೆ ಗೊತ್ತು, ನೂರು ಸಲ ಸೋತವನಿಗೆ ಸಿಗುವ ಗೆಲುವನ್ನು ಹೊರಗಿನವರು 'ಪ್ರತಿಭೆ' ಅಂತಾರೆ.

ಆ ಸಿನಿಮಾದಲ್ಲಿ ನನಗೆ ಗುಂಡಿನ ಸದ್ದಿಗಿಂತ ಇಷ್ಟವಾಗುವುದು ಒಂದು ತೋಟದ ಮನೆಯ ದೃಶ್ಯ. ನಾಯಕ, ಅವನ ಜೊತೆ ಹೋರಾಡುವ ರೀಟಾ ಇಬ್ಬರೂ ಸುಸ್ತಾಗಿ ಅಲ್ಲಿ ನಿಂತಿದ್ದಾರೆ. ಅವನು ಕಾಫಿ ಮಾಡಿಕೊಡುತ್ತಾನೆ. ಸಕ್ಕರೆ ಎಷ್ಟು ಬೇಕು ಅಂತ ಕೇಳದೆ ಹಾಕುತ್ತಾನೆ. ಅವಳು ಲೋಟ ನೋಡುತ್ತಾಳೆ, ಅವನ ಮುಖ ನೋಡುತ್ತಾಳೆ. ಆಗ ಅವಳಿಗೂ ನಮಗೂ ಒಟ್ಟಿಗೆ ಹೊಳೆಯುತ್ತದೆ. ನಾವು ಮೊದಲ ಸಲ ನೋಡುತ್ತಿರುವ ಈ ಗಳಿಗೆ ಅವನಿಗೆ ಎಷ್ಟನೆಯದೋ. ಇಲ್ಲಿಂದ ಮುಂದೆ ಏನಾಗುತ್ತದೆ ಅಂತ ಅವನಿಗೆ ಗೊತ್ತು, ಅದಕ್ಕೇ ಅವನು ಹೊರಡಲು ತಡಮಾಡುತ್ತಿದ್ದಾನೆ.

'ಸೋರ್ಸ್ ಕೋಡ್' ಲೂಪ್ ಸಿನಿಮಾನಾ?

ನೋಡುವುದಕ್ಕೆ ಹೌದು. ಷಿಕಾಗೋ ಕಡೆ ಹೊರಟ ರೈಲು, ಬಾಂಬ್, ಎಂಟು ನಿಮಿಷ, ಮತ್ತೆ ಅದೇ ಎಂಟು ನಿಮಿಷ. ಆದರೆ ಲೆಕ್ಕದಲ್ಲಿ ಬೇರೆ. ಹೊರಗೆ ಕಾಲ ಮುಂದೆ ಓಡುತ್ತಲೇ ಇರುತ್ತದೆ. ಒಬ್ಬ ಸೈನಿಕನನ್ನು ಬೇಕೆಂದೇ ಮತ್ತೆ ಮತ್ತೆ ಆ ಎಂಟು ನಿಮಿಷದೊಳಗೆ ಕಳಿಸುತ್ತಿದ್ದಾರೆ. ಮೇಲಧಿಕಾರಿ ಇರುವ ಲೂಪ್ ಅನ್ನಿ.

ಅದೇ ದೃಶ್ಯ ಹತ್ತು ಸಲ ತೋರಿಸಿದ್ರೆ ಬೋರ್ ಆಗಲ್ವಾ?

ಕೆಟ್ಟ ನಿರ್ದೇಶಕ ಆದರೆ ಆಗುತ್ತದೆ. ಒಳ್ಳೆಯವರು ಮೊದಲ ಸುತ್ತನ್ನು ನಿಧಾನವಾಗಿ ತೋರಿಸಿ ನಮಗೂ ಬಾಯಿಪಾಠ ಮಾಡಿಸುತ್ತಾರೆ. ಗ್ರೌಂಡ್‌ಹಾಗ್ ಡೇನ ಗಡಿಯಾರ ನೆನಪಿದೆಯಾ? 5:59ರ ಪಟ್ಟಿ ಮಗುಚಿ 6:00 ಬೀಳುತ್ತದೆ, ಹಾಡು ಶುರು. ಬೀದಿಗೆ ಬಂದರೆ ಹಳೇ ಸಹಪಾಠಿಯ ಕಾಟ, ಅವನಿಂದ ತಪ್ಪಿಸಿಕೊಂಡು ಒಂದು ಹೆಜ್ಜೆ ಇಟ್ಟರೆ ಕಾಲು ನೀರು ತುಂಬಿದ ಗುಂಡಿಗೆ. ಎರಡನೇ ದಿನವೂ ಗುಂಡಿಗೇ. ಆಮೇಲೊಂದು ದಿನ ಅದನ್ನು ದಾಟಿ ಹೋಗುತ್ತಾನೆ. ಒಂದು ಮಾತೂ ಆಡದೆ ಎಷ್ಟು ದಿನ ಕಳೆದಿದೆ ಅಂತ ಹೇಳಿ ಮುಗಿಸಿದರು. ಒಂದು ಸಲ ಕಲಿಸಿಬಿಟ್ಟರೆ ಮುಂದಿನ ಸುತ್ತುಗಳಿಗೆ ಬರೀ ಗಡಿಯಾರ ತೋರಿಸಿದರೆ ಸಾಕು, ಉಳಿದಿದ್ದನ್ನು ನಾವೇ ತುಂಬಿಕೊಳ್ಳುತ್ತೇವೆ.

ಶೂಟಿಂಗ್ ಕಥೆ ಬೇರೆ. ಒಂದು ಜಾಗದ ಎಲ್ಲ ಸುತ್ತುಗಳನ್ನೂ ಒಟ್ಟಿಗೆ ತೆಗೆದರೇ ಅನುಕೂಲ. ಹಾಗಾಗಿ ನಟ ಬೆಳಗ್ಗೆ ಮೂರನೇ ಸುತ್ತಿನ ಗಾಬರಿ, ಮಧ್ಯಾಹ್ನ ಮುನ್ನೂರನೇ ಸುತ್ತಿನ ಸುಸ್ತು ತೋರಿಸಬೇಕು. ಸುತ್ತಲಿನವರ ಪಾಡು ಇನ್ನೂ ಕಷ್ಟ. ಅವರು ಒಂಚೂರೂ ಬದಲಾಗಬಾರದು. ಟೋಪಿ ಅದೇ ಓರೆಯಲ್ಲಿರಬೇಕು. ಇದರಲ್ಲಿ ಒಂದು ಲಾಭವೂ ಇದೆ. ಒಂದು ಮನೆ, ನಾಲ್ಕು ಜನ ಇದ್ದರೆ ಸಿನಿಮಾ ಮುಗಿಸಬಹುದು. ಹೊಸಬರು ಇದರ ಬೆನ್ನು ಹತ್ತುವುದು ಅದಕ್ಕೇ.

ಒಳ್ಳೆಯವನಾದ ಕೂಡಲೇ ಲೂಪ್ ಯಾಕೆ ಮುಗಿಯುತ್ತೆ?

ಈಗ ಅದು ಸವೆದು ಹೋದ ದಾರಿ. 'ಪಾಮ್ ಸ್ಪ್ರಿಂಗ್ಸ್' (2020) ಅದನ್ನೇ ಗೇಲಿ ಮಾಡುತ್ತದೆ. ನಾಯಕಿ ಒಳ್ಳೆಯವಳಾಗಲು ಕಾಯುವುದಿಲ್ಲ. ಸಿಕ್ಕ ಸಮಯದಲ್ಲಿ ಕ್ವಾಂಟಂ ಫಿಸಿಕ್ಸ್ ಓದುತ್ತಾಳೆ, ಮೊದಲು ಒಂದು ಮೇಕೆಯ ಮೇಲೆ ಪ್ರಯೋಗ ಮಾಡುತ್ತಾಳೆ. ಲೂಪ್‌ನಲ್ಲಿ ಸಿಕ್ಕಿಕೊಂಡವರು ಓದಬಹುದು ಅಂತ ಇಷ್ಟು ವರ್ಷ ಯಾರಿಗೂ ಯಾಕೆ ಹೊಳೆದಿರಲಿಲ್ಲವೋ.

ಆದರೂ ಗ್ರೌಂಡ್‌ಹಾಗ್ ಡೇ ಬಗ್ಗೆ ಒಂದು ಮಾತು. ಅದರಲ್ಲಿ ಬೀದಿಯಲ್ಲಿ ಭಿಕ್ಷೆ ಬೇಡುವ ಮುದುಕನೊಬ್ಬ ಇದ್ದಾನೆ. ಅವನು ಆ ರಾತ್ರಿ ಸಾಯುತ್ತಾನೆ. ಫಿಲ್ ಅವನಿಗೆ ಊಟ ಹಾಕಿಸುತ್ತಾನೆ, ಬಾಯಿಗೆ ಉಸಿರು ಕೊಡುತ್ತಾನೆ, ಮುದುಕ ಸಾಯುತ್ತಾನೆ. ಎಷ್ಟು ಸಲ ದಿನ ಮರಳಿ ಸಿಕ್ಕರೂ ಅದೊಂದು ಬದಲಾಗುವುದಿಲ್ಲ. 'ಒಳ್ಳೆಯವನಾದ, ಬಿಡುಗಡೆಯಾಯಿತು' ಅಂತ ಆ ಸಿನಿಮಾವನ್ನು ಒಂದು ಸಾಲಿನಲ್ಲಿ ಮುಗಿಸುವವರು ಈ ಮುದುಕನನ್ನು ಮರೆತಿರುತ್ತಾರೆ.

ಭಾರತೀಯ ಭಾಷೆಗಳಲ್ಲಿ ಯಾವುದಿದೆ?

ತಮಿಳಿನ 'ಮಾನಾಡು' (2021) ನೋಡಿ. ವೆಂಕಟ್ ಪ್ರಭು ನಿರ್ದೇಶನ, ಸಿಲಂಬರಸನ್ ನಾಯಕ. ಅದರ ತಾಕತ್ತು ಇರುವುದು ಒಂದೇ ತಿರುವಿನಲ್ಲಿ: ಖಳನಾಯಕ ಎಸ್.ಜೆ. ಸೂರ್ಯನಿಗೂ ನೆನಪು ಉಳಿಯಲು ಶುರುವಾಗುತ್ತದೆ. ಅಲ್ಲಿಂದ ಅದು ಚದುರಂಗ. ನಮ್ಮ ಪವನ್ ಕುಮಾರ್ ನಿರ್ದೇಶಿಸಿದ ತೆಲುಗು ವೆಬ್ ಸರಣಿ 'ಕುಡಿ ಎಡಮೈತೆ'ಯೂ ಅದೇ ವರ್ಷದ್ದು. ಅಲ್ಲಿ ಒಬ್ಬರಿಗೊಬ್ಬರು ಪರಿಚಯವೇ ಇಲ್ಲದ ಇಬ್ಬರು ಒಂದೇ ಲೂಪ್‌ನಲ್ಲಿರುತ್ತಾರೆ. ಕನ್ನಡದ 'ಬ್ಲಿಂಕ್' (2024) ಹೆಸರು ಕೆಲವರು ಹೇಳುತ್ತಾರೆ, ಆದರೆ ಅದು ಟೈಮ್ ಟ್ರಾವೆಲ್ ಕಡೆಯದು.

ಯಾವುದರಿಂದ ಶುರು ಮಾಡಲಿ?

ಗ್ರೌಂಡ್‌ಹಾಗ್ ಡೇ, ಆಮೇಲೆ ಎಡ್ಜ್ ಆಫ್ ಟುಮಾರೋ. ಟ್ರಯಾಂಗಲ್ ಅನ್ನು ರಾತ್ರಿ ಒಬ್ಬರೇ ನೋಡಬೇಡಿ. ಹೆದರಿಕೆಗಲ್ಲ, ಮುಗಿದ ಮೇಲೆ ಮಾತಾಡಲು ಯಾರಾದರೂ ಬೇಕಾಗುತ್ತಾರೆ.

ಎರಡನೇ ಸಲ ನೋಡುವಾಗ ಏನನ್ನ ಗಮನಿಸಬೇಕು?

ನೆನಪು ಇರಬಾರದವರಿಗೆ ನೆನಪಿರುವ ಗಳಿಗೆಗಳನ್ನು. ಜರ್ಮನ್ ಸಿನಿಮಾ 'ರನ್ ಲೋಲಾ ರನ್' (1998) ಇದಕ್ಕೆ ಸರಿಯಾದ ಸಿನಿಮಾ. ಲೋಲಾಗೆ ಇರುವುದು 20 ನಿಮಿಷ, ಹೊಂದಿಸಬೇಕಾಗಿದ್ದು 1,00,000 ಮಾರ್ಕ್. ಅವಳು ಮೂರು ಸಲ ಓಡುತ್ತಾಳೆ. ಇದು ಲೂಪ್ ಅಂತ ಸಿನಿಮಾ ಎಲ್ಲೂ ಹೇಳುವುದಿಲ್ಲ. ಮೂರೂ ಬೇರೆ ಬೇರೆ ಸಾಧ್ಯತೆಗಳು ಅಂತ ನಾವು ಅಂದುಕೊಳ್ಳುತ್ತೇವೆ.

ಮೊದಲ ಓಟದಲ್ಲಿ ಅವಳ ಕೈಗೆ ಪಿಸ್ತೂಲು ಸಿಗುತ್ತದೆ. ಅದರ ಸೇಫ್ಟಿ ತೆಗೆಯುವುದು ಅವಳಿಗೆ ಗೊತ್ತಿಲ್ಲ, ಅವಳ ಹುಡುಗ ಮಾನಿ ಹೇಳಿಕೊಡುತ್ತಾನೆ. ಎರಡನೇ ಓಟದಲ್ಲಿ ಮತ್ತೆ ಅವಳ ಕೈಯಲ್ಲಿ ಪಿಸ್ತೂಲು. ಈ ಸಲ ಬ್ಯಾಂಕಿನಲ್ಲಿ, ಅಪ್ಪನ ಎದುರು. ನಿನಗೆ ಅದನ್ನು ಹಿಡಿಯೋಕೇ ಬರಲ್ಲ ಅನ್ನುವ ಧಾಟಿ ಎದುರಿನವರದು. ಲೋಲಾ ತಾನೇ ಸೇಫ್ಟಿ ತೆಗೆಯುತ್ತಾಳೆ. ಈ ಓಟದಲ್ಲಿ ಮಾನಿ ಇನ್ನೂ ಅವಳಿಗೆ ಸಿಕ್ಕೇ ಇಲ್ಲ.